ಇಂದ್ರಜಿತುವಾಗಿದ್ದ ಸುಬ್ಬಯ್ಯ ನಾಯ್ಡು



ಟಿವಿಯ ಸೃಜನ್ ಲೋಕೇಶ್ ಯಾರೆಂದು ಇಲ್ಲಿ ಮಾರ್ಟಳ್ಳಿಯಲ್ಲಿ ಕೂತ ಮಕ್ಕಳನ್ನು ಕೇಳಿದರೂ ಹೇಳುತ್ತಾರೆ. ಅವರ ತಂದೆ ಲೋಕೇಶ್, ‘ಭೂತಯ್ಯನ ಮಗ ಅಯ್ಯು’ವಿನ ಅಯ್ಯು, ದೊಡ್ಡವರಿಗೆ ನೆನಪಿದ್ದಾರೆ. ತಾತ ಎಂ.ವಿ. ಸುಬ್ಬಯ್ಯ ನಾಯ್ಡು ಅಂದಾಗ ಮಾತ್ರ ಎಲ್ಲರೂ ಮುಖ ಮುಖ ನೋಡಿಕೊಳ್ಳುತ್ತೇವೆ. ಕನ್ನಡದ ಮೊದಲ ವಾಕ್ಚಿತ್ರ ಯಾವುದೆಂದು ಪರೀಕ್ಷೆಗಳಲ್ಲಿ ಕೇಳುತ್ತಾರೆ. ಅದರ ನಾಯಕ ಯಾರೆಂದು ಕೇಳುವವರು ಕಡಿಮೆ.

ಆ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ ಬೆಂಗಳೂರಿನ ಪ್ಯಾರಾಮೌಂಟ್ ಚಿತ್ರಮಂದಿರದಲ್ಲಿ ತೆರೆಕಂಡದ್ದು 1934ರ ಮಾರ್ಚ್ 3ರಂದು. ನಾಯ್ಡು ಇಂದ್ರಜಿತು, ಆರ್. ನಾಗೇಂದ್ರರಾಯರು ರಾವಣ, ತ್ರಿಪುರಾಂಬ ಸುಲೋಚನೆ. ಮಾತು, ಹಾಡು ಬೆಳ್ಳಾವೆ ನರಹರಿ ಶಾಸ್ತ್ರಿಗಳದು. ದುಡ್ಡು ಹಾಕಿದವರು ಮಾರವಾಡಿ ಚಮನ್‌ಲಾಲ್ ಡುಂಗಾಜಿ, ಚಿತ್ರೀಕರಣ ಮರಾಠಿ ನಾಡಿನ ಕೊಲ್ಹಾಪುರದಲ್ಲಿ, ನಿರ್ದೇಶಕ ವೈ.ವಿ. ರಾವ್ ತೆಲುಗರು, ನಟಿ ಲಕ್ಷ್ಮಿಯವರ ತಂದೆ. ಮನೆಯಲ್ಲಿ ತಮಿಳು, ಸಂತೆಯಲ್ಲಿ ಕನ್ನಡ ಆಡುವ ನಮ್ಮ ಸೀಮೆಗೆ ಈ ಬೆರಕೆ ಹೊಸದೇನಲ್ಲ ಬಿಡಿ.

ನಾಯ್ಡು ಅವರು ಕಂಪನಿ ನಾಟಕದವರು. ನಾಗೇಂದ್ರರಾಯರ ಜೊತೆ ಸೇರಿ ಸಾಹಿತ್ಯ ಸಾಮ್ರಾಜ್ಯ ನಾಟಕ ಮಂಡಳಿ ಕಟ್ಟಿದ್ದರು. ಹಿನ್ನೆಲೆ ಗಾಯನ ಇಲ್ಲದ ಕಾಲ ಅದು. ಬಣ್ಣ ಹಚ್ಚಿದವರೇ ಹಾಡಬೇಕು. ಹಾಗಾಗಿ ಟಾಕಿಗೆ ಕಂಪನಿಯವರೇ ಬೇಕಾದರು. ಅವರ ಜೊತೆಗೇ ಕಂಪನಿಯ ರೂಢಿಗಳೂ ತೆರೆಗೆ ಬಂದವು. ‘ಸತಿ ಸುಲೋಚನಾ’ದಲ್ಲಿ ಲಕ್ಷ್ಮೀಬಾಯಿ ಮಂಡೋದರಿ, ಅಂದರೆ ತೆರೆಯ ಮೇಲೆ ನಾಯ್ಡು ಅವರ ತಾಯಿ. 1941ರ ‘ವಸಂತಸೇನೆ’ಯಲ್ಲಿ ಅದೇ ಲಕ್ಷ್ಮೀಬಾಯಿ ವಸಂತಸೇನೆ, ನಾಯ್ಡು ಚಾರುದತ್ತ! ಇವತ್ತಾದರೆ ಜನ ನಗುತ್ತಿದ್ದರು. ಅಂದಿನ ಪ್ರೇಕ್ಷಕ ವಯಸ್ಸಿನ ಲೆಕ್ಕ ಹಾಕುತ್ತಿರಲಿಲ್ಲ, ಪಾತ್ರ ನಿಂತಿತೇ ಇಲ್ಲವೇ ಅಂತ ನೋಡುತ್ತಿದ್ದ.

1940ರಲ್ಲಿ ಇನ್ನೊಂದು ಸೋಜಿಗ. ಮಂಡಳಿಯ ‘ಭೂಕೈಲಾಸ’ ನಾಟಕವನ್ನು ಎ.ವಿ. ಮೆಯ್ಯಪ್ಪನ್ ತೆಲುಗು ಚಿತ್ರವಾಗಿಸಿದರು. ಕನ್ನಡದ ನಾಯ್ಡು ಅದರಲ್ಲಿ ತೆಲುಗು ರಾವಣ, ನಾಗೇಂದ್ರರಾಯರು ನಾರದ. ಮುಂದೆ ‘ಸತ್ಯ ಹರಿಶ್ಚಂದ್ರ’, ‘ಮಹಾತ್ಮ ಕಬೀರ್’ ಬಂದವು. ‘ಸತಿ ಸುಲೋಚನಾ’ದ ಪ್ರತಿ ಮಾತ್ರ ಉಳಿದಿಲ್ಲ. ನಮ್ಮ ಮೊದಲ ನಾಯಕ ಹೇಗೆ ನಡೆದ, ಹೇಗೆ ಹಾಡಿದ ಅಂತ ನೋಡುವ ದಾರಿ ಮುಚ್ಚಿಹೋಗಿದೆ. ನಾಡಹಬ್ಬಕ್ಕೆ ಲಕ್ಷಗಟ್ಟಲೆ ಸುರಿಯುವ ನಾವು ಒಂದು ಸಿನಿಮಾ ಸುರುಳಿಯನ್ನು ಕಾಪಾಡಿಕೊಳ್ಳಲಿಲ್ಲ, ಇದು ನನಗೆ ನುಂಗಲಾರದ ಮಾತು.

ನಮ್ಮ ಸೀಮೆಗೂ ನಾಯ್ಡು ಅವರಿಗೂ ಒಂದು ನಂಟಿದೆ. ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರು ರಾವಣ, ಕಂಸರಂಥ ಪಾತ್ರಗಳಿಗೆ ಹೆಸರಾದ ರಂಗನಟರು. ಅವರ ಮಗ ಮುತ್ತುರಾಜ್ ನಾಯ್ಡು ಅವರ ಕಂಪನಿಯಲ್ಲೂ ಬಣ್ಣ ಹಚ್ಚಿದವರು. ಆ ಮುತ್ತುರಾಜ್ 1954ರಲ್ಲಿ ‘ಬೇಡರ ಕಣ್ಣಪ್ಪ’ನಾಗಿ ರಾಜ್‌ಕುಮಾರ್ ಆದಾಗ ನಮ್ಮ ಕೊಳ್ಳೇಗಾಲ ತಾಲ್ಲೂಕು ಇನ್ನೂ ಕೊಯಮತ್ತೂರು ಜಿಲ್ಲೆಯಲ್ಲಿತ್ತು. ಕನ್ನಡ ನಾಡಿಗೆ ಸೇರಿದ್ದು ಎರಡು ವರ್ಷ ಕಳೆದ ಮೇಲೆ.