ಬೇರೆ ಕಪಾಟಿನ ಪುಸ್ತಕ

ಪುಸ್ತಕದಂಗಡಿಗೆ ಹೋದರೆ ನಮ್ಮ ಕಾಲು ತಾನಾಗಿ ಹಳೆಯ ಜಾಗಕ್ಕೇ ನಡೆಯುತ್ತದೆ. ಕಾದಂಬರಿ ಓದುವವರು ಕಾದಂಬರಿಯ ಕಪಾಟಿಗೆ. ಬೇರೆ ಕಡೆ ಕಣ್ಣೆತ್ತಿಯೂ ನೋಡುವುದಿಲ್ಲ.

ಅಂಥವರು ಒಮ್ಮೆ ಅನುಪಮಾ ನಿರಂಜನರ ಹೆಸರು ಹಿಡಿದು ಹುಡುಕಬೇಕು. 1934ರಲ್ಲಿ ತೀರ್ಥಹಳ್ಳಿಯಲ್ಲಿ ಹುಟ್ಟಿದ ಈ ವೈದ್ಯೆಯ ‘ಋಣಮುಕ್ತಳು’ ಕಾದಂಬರಿ ಪುಟ್ಟಣ್ಣ ಕಣಗಾಲರ ಕೈಯಲ್ಲಿ ಸಿನಿಮಾ ಆಯಿತು. ಮಕ್ಕಳ ಸಾಲಿಗೆ ಬಂದರೆ ಅಲ್ಲಿ ಅವರದೇ ‘ದಿನಕ್ಕೊಂದು ಕಥೆ’, 12 ಸಂಪುಟ. ಆರೋಗ್ಯದ ಸಾಲಿನಲ್ಲಿ ಮತ್ತೆ ಅವರೇ: ‘ತಾಯಿ ಮಗು’. ಬಸಿರು, ಬಾಣಂತನದ ವಿಷಯ ಬಾಯಿಬಿಟ್ಟು ಕೇಳಲು ಹೆಣ್ಣುಮಕ್ಕಳು ನಾಚುತ್ತಿದ್ದ ಕಾಲದಲ್ಲಿ ಡಾಕ್ಟರೇ ತಿಳಿಗನ್ನಡದಲ್ಲಿ ಹೇಳಿದ್ದು. ನನಗೇನೋ ಅವರ ಕಾದಂಬರಿಗಳಿಗಿಂತ ಇದೇ ದೊಡ್ಡ ಸಾಹಸ ಅನಿಸುತ್ತದೆ.

ಇನ್ನು ವ್ಯಾಪಾರ. ಬರೀ ಲಾಭ-ನಷ್ಟದ ಲೆಕ್ಕವೆಂದು ಮೂಗು ಮುರಿಯಬೇಡಿ. ಸೈನ್ಯ ಬಿಟ್ಟು, ಹಾಸನದ ಕಡೆ ರೇಷ್ಮೆ ಬೆಳೆದು, 2003ರಲ್ಲಿ ಏರ್ ಡೆಕ್ಕನ್ ವಿಮಾನ ಹಾರಿಸಿದ ಕ್ಯಾಪ್ಟನ್ ಗೋಪಿನಾಥರ ಆತ್ಮಕಥೆ ಕನ್ನಡದಲ್ಲೂ ಇದೆ, ಕಾದಂಬರಿಗೇನೂ ಕಮ್ಮಿಯಿಲ್ಲ.

ಕೊಳ್ಳಲೇಬೇಕೆಂದಿಲ್ಲ, ಊರಿನ ಗ್ರಂಥಾಲಯವಿದೆ. ಹೋಗಿ, ಎಂದೂ ನಿಲ್ಲದ ಸಾಲಿನ ಮುಂದೆ ನಿಲ್ಲಿ. ಸೋಮವಾರ ಮಾತ್ರ ಬೇಡ, ಹೆಚ್ಚಿನ ಕಡೆ ಅಂದು ರಜೆ.