ಬಾರದ ದಾರಿಯ ಕನ್ನಡಿ

‘ಅಂದು ಆ ಮಾತನ್ನು ಆಡದೆ ಇದ್ದಿದ್ದರೆ?’ ಎಂದು ನಿದ್ರೆ ಬಾರದ ರಾತ್ರಿ ಕೇಳಿಕೊಳ್ಳದವರು ಯಾರು? ಇದಕ್ಕೆ ಉತ್ತರ ಹೇಳಬಲ್ಲ ಯಂತ್ರವೊಂದನ್ನು ಅಮೆರಿಕದ ಕಥೆಗಾರ ಟೆಡ್ ಚಿಯಾಂಗ್ ಕಲ್ಪಿಸಿದ್ದಾರೆ. 2019ರಲ್ಲಿ ಪ್ರಕಟವಾದ ಅವರ ‘ಎಕ್ಸ್‌ಹಲೇಷನ್’ ಸಂಕಲನದ ನೀಳ್ಗತೆಯೊಂದರಲ್ಲಿ ಬರುವ ಆ ಯಂತ್ರದ ಹೆಸರು ‘ಪ್ರಿಸಂ’.

ಪ್ರಿಸಂ ಚಾಲನೆಗೊಂಡ ಕ್ಷಣದಲ್ಲಿ ಲೋಕ ಎರಡಾಗಿ ಕವಲೊಡೆಯುತ್ತದೆ. ಒಂದರಲ್ಲಿ ಕೆಂಪು ದೀಪ, ಇನ್ನೊಂದರಲ್ಲಿ ನೀಲಿ. ಆಮೇಲೆ ಈ ಕವಲಿನವನು ಆ ಕವಲಿನ ತನ್ನೊಡನೆ ತಾನೇ ಸಂಭಾಷಿಸಬಹುದು. 1957ರಲ್ಲಿ ಭೌತವಿಜ್ಞಾನಿ ಹ್ಯೂ ಎವರೆಟ್ ಮಂಡಿಸಿದ ಸಿದ್ಧಾಂತದ ನೆರಳು ಇಲ್ಲಿದೆ. ಆದರೆ ಕಥೆಗಾರರು ಎರಡು ಕಟ್ಟಳೆಗಳನ್ನು ವಿಧಿಸಿದ್ದಾರೆ. ಚಾಲನೆಗೆ ಮೊದಲೇ ಅಗಲಿದ ದಾರಿಗಳು ಯಂತ್ರಕ್ಕೆ ಕಾಣವು. ಸಂಭಾಷಣೆಗೂ ಮಿತಿಯುಂಟು, ಅದು ತೀರಿತೋ, ಬಾಗಿಲು ಶಾಶ್ವತವಾಗಿ ಮುಚ್ಚಿತು.

ಪ್ರಿಸಂನ ಗೀಳಿಗೆ ಬಿದ್ದವರನ್ನು ಸಂತೈಸುವ ಡೇನಾಳಿಗೂ ಒಂದು ಕೊರಗಿದೆ. ಶಾಲೆಯ ದಿನಗಳಲ್ಲಿ ಇಬ್ಬರೂ ಮಾಡಿದ ತಪ್ಪನ್ನು ಆಕೆ ಗೆಳತಿಯೊಬ್ಬಳ ಮೇಲೆಯೇ ಹೊರಿಸಿ ಪಾರಾಗಿದ್ದಳು. ಗೆಳತಿಯ ಬಾಳು ಕೆಟ್ಟಿತು. ಕೊನೆಗೆ ಬೇರೆ ಕವಲುಗಳಿಂದ ಸುದ್ದಿ ಬರುತ್ತದೆ: ಡೇನಾ ಸುಳ್ಳಾಡದ ಲೋಕಗಳಲ್ಲಿಯೂ ಗೆಳತಿ ದಾರಿ ತಪ್ಪಿದ್ದಾಳೆ!

ಹಾಗಾದರೆ ಸುಳ್ಳು ಸುಳ್ಳಲ್ಲವಾಯಿತೆ? ಇಲ್ಲ. ಅದರ ಫಲವೆಂದು ಹೊತ್ತ ಭಾರ ಇಳಿಯಿತು. ಸುಳ್ಳು ಆಕೆಯದಾಗಿಯೇ ಉಳಿಯಿತು. ಎಷ್ಟು ಲೋಕಗಳಿದ್ದರೂ, ನಾಳೆಯ ಕವಲುಗಳು ಚಿಗುರುವುದು ಇಂದು ನಾವು ಏನಾಗಿದ್ದೇವೋ ಆ ಬುಡದಿಂದಲೇ.

ನಮ್ಮ ಕೈಯಲ್ಲಿ ಪ್ರಿಸಂ ಇಲ್ಲ. ನಾಳೆ ಬೆಳಗ್ಗೆ ನೊಂದವರ ಮನೆಗೆ ಹೋಗಿ ‘ತಪ್ಪಾಯಿತು’ ಎನ್ನಬಹುದಾದ ದಾರಿಯೊಂದಿದೆ. ಅದಕ್ಕೆ ಯಂತ್ರ ಬೇಕಿಲ್ಲ.