ಎರಡು ಸಾವಿರ ವರ್ಷಕ್ಕೊಂದು ರಾತ್ರಿ



ಕತ್ತಲೆಯನ್ನೇ ಕಾಣದ ಲೋಕವೊಂದಿದೆ, ಕಥೆಯಲ್ಲಿ. ಅದರ ಹೆಸರು ಲಗಾಶ್. 1941ರಲ್ಲಿ ಆ ಕಥೆ ‘ನೈಟ್‌ಫಾಲ್’ ಬರೆದಾಗ ಲೇಖಕ ಐಸಾಕ್ ಅಸಿಮೋವ್ ಅವರಿಗೆ 21 ವರ್ಷ. ಸಾವಿರ ವರ್ಷಕ್ಕೊಂದೇ ರಾತ್ರಿ ನಕ್ಷತ್ರಗಳು ಮೂಡಿದರೆ ಜನ ಭಕ್ತಿಯಿಂದ ಕೈಮುಗಿದಾರು ಎಂದು ಅಮೆರಿಕದ ಚಿಂತಕ ಎಮರ್ಸನ್ ನಂಬಿದ್ದರು. ಹುಚ್ಚೇ ಹಿಡಿದೀತು ಎಂದರು ಸಂಪಾದಕ ಜಾನ್ ಕ್ಯಾಂಬೆಲ್. ಕಥೆ ಹುಟ್ಟಿದ್ದು ಆ ಮಾತಿನಿಂದ.

ಲಗಾಶ್‌ಗೆ ಆರು ಸೂರ್ಯರು. ಒಬ್ಬ ಇಳಿಯುವಷ್ಟರಲ್ಲಿ ಇನ್ನೊಬ್ಬ ಏರಿರುತ್ತಾನೆ. ಆದರೆ 2049 ವರ್ಷಕ್ಕೊಮ್ಮೆ ಐವರೂ ಆಚೆ ಬದಿಗೆ ಸರಿದು, ಬೀಟಾ ಎಂಬ ಮಂಕು ಕೆಂಪು ಸೂರ್ಯ ಮಾತ್ರ ಉಳಿಯುತ್ತಾನೆ. ಆಗ ಚಂದ್ರ ಅಡ್ಡ ಬರುತ್ತಾನೆ. ಸದಾ ಬೆಳಗುವ ಆಕಾಶದಲ್ಲಿ ಆ ಚಂದ್ರನನ್ನು ಯಾರೂ ಕಂಡಿಲ್ಲ. ಲಗಾಶ್ ಸುತ್ತುವ ದಾರಿ ಗುರುತ್ವದ ಲೆಕ್ಕಕ್ಕೆ ಹೊಂದದೆ ಹೋದಾಗ, ಕಾಣದ ಕಾಯವೊಂದು ಎಳೆಯುತ್ತಿದೆ ಎಂದು ಅಲ್ಲಿನ ವಿಜ್ಞಾನಿಗಳು ಊಹಿಸುತ್ತಾರೆ. ಯುರೇನಸ್‌ನ ನಡೆ ಲೆಕ್ಕ ತಪ್ಪಿದ್ದರಿಂದಲೇ ನಮ್ಮವರು 1846ರಲ್ಲಿ ನೆಪ್ಚೂನನ್ನು ಹಿಡಿದದ್ದು. ಕಟ್ಟುಕಥೆಯಾದರೂ ಅಸಿಮೋವ್ ಗಣಿತವನ್ನು ಕೈಬಿಡಲಿಲ್ಲ ಎಂಬುದು ನನಗೆ ಬಹಳ ಮೆಚ್ಚುಗೆ.

ನಮ್ಮಲ್ಲಿ ಒಂದು ಊರಿನಲ್ಲಿ ಖಗ್ರಾಸ ಏಳೂವರೆ ನಿಮಿಷ ಮೀರುವುದಿಲ್ಲ. ಅಲ್ಲಿಯ ಚಂದ್ರ ಬೀಟಾಗಿಂತ ಏಳು ಪಟ್ಟು ಅಗಲವಾಗಿ ಕಾಣುವುದರಿಂದ ಗ್ರಹಣ ಅರ್ಧ ದಿನಕ್ಕೂ ಹೆಚ್ಚು ನಡೆಯುತ್ತದೆ. ಅಷ್ಟರಲ್ಲಿ ಗ್ರಹ ತಿರುಗಿ, ಯಾವ ಊರೂ ತಪ್ಪಿಸಿಕೊಳ್ಳುವುದಿಲ್ಲ. ಬೆಳಕಿಗಾಗಿ ಹುಚ್ಚೆದ್ದ ಜನ ಸಿಕ್ಕಿದ್ದಕ್ಕೆಲ್ಲ ಬೆಂಕಿ ಹಚ್ಚುತ್ತಾರೆ. ಹಾಗೆ ಸುಟ್ಟುಹೋದ ಒಂಬತ್ತು ನಾಗರಿಕತೆಗಳ ಬೂದಿ ಅಲ್ಲಿಯ ಉತ್ಖನನದಲ್ಲಿ ಸಿಕ್ಕಿದೆ.

ಕತ್ತಲೆಗಿಂತ ಆ ಬೆಂಕಿಯೇ ದೊಡ್ಡ ಕೇಡು ಎಂದು ನನಗನ್ನಿಸುತ್ತದೆ. ಗ್ರಹಣ ಕಂಡವರ ಬರಹವೂ ಅದರಲ್ಲೇ ಸುಟ್ಟಿತು. ಮುಂದಿನ ಪೀಳಿಗೆಗೆ ಉಳಿದದ್ದು ಒಂದು ಪಂಥದ ಅಸ್ಪಷ್ಟ ಗ್ರಂಥ ಮಾತ್ರ. ನಮ್ಮ ಪುಣ್ಯ ದೊಡ್ಡದು. ಸೂರ್ಯಗ್ರಹಣದ ದಿನ ಕೊಟ್ಟ ದಾನದ ಶಾಸನಗಳು ಕನ್ನಡ ನಾಡಿನಲ್ಲಿ ಎಷ್ಟೋ ಇವೆ. ಹಳೆಯ ತೇದಿಗಳನ್ನು ನಿಗದಿ ಮಾಡಲು ವಿದ್ವಾಂಸರಿಗೆ ಇಂದೂ ಅವೇ ಆಧಾರ.

ಆದರೂ 1980ರ ಫೆಬ್ರವರಿ 16ರಂದು ಹುಬ್ಬಳ್ಳಿ, ಗದಗ, ರಾಯಚೂರಿನ ಮೇಲೆ ಖಗ್ರಾಸದ ನೆರಳು ಹಾದಾಗ ಎಷ್ಟೋ ಮಂದಿ ಬಾಗಿಲು ಹಾಕಿ ಒಳಗೇ ಕುಳಿತರು. 2031ರ ಮೇ 21ರಂದು ಕೇರಳ, ತಮಿಳುನಾಡಿನಲ್ಲಿ ಕಂಕಣ ಗ್ರಹಣ. ಕರ್ನಾಟಕಕ್ಕೆ ಪಾರ್ಶ್ವ ಗ್ರಹಣ. ಅಂದು ಬರಿಗಣ್ಣಿನಲ್ಲಿ ನೋಡಬೇಡಿ, ಗ್ರಹಣದ ಕನ್ನಡಕ ಹಾಕಿಕೊಳ್ಳಿ. ಮಕ್ಕಳನ್ನು ಅಂಗಳಕ್ಕೆ ಕರೆತಂದು ತೋರಿಸಿ, ಕಂಡದ್ದನ್ನು ಬರೆದಿಡಲು ಹೇಳಿ.